ಹಳೆಯ ದಫ್ತರಗಳ ಯೋಗಕ್ಷೇಮ

1905ರ ಸುಮಾರಿನಲ್ಲಿ ಮೈಸೂರಿನ ಓರಿಯಂಟಲ್ ಲೈಬ್ರರಿಗೆ ತಂಜಾವೂರು ಜಿಲ್ಲೆಯ ಪಂಡಿತರೊಬ್ಬರು ಗ್ರಂಥಲಿಪಿಯಲ್ಲಿದ್ದ ತಾಳೆಗರಿಯ ಕಟ್ಟೊಂದನ್ನು ತಂದೊಪ್ಪಿಸಿದರು. ಶತಮಾನಗಳಿಂದ ಹೆಸರಷ್ಟೇ ಉಳಿದು ಕಣ್ಮರೆಯಾಗಿದ್ದ ಕೌಟಿಲ್ಯನ ಅರ್ಥಶಾಸ್ತ್ರವೇ ಅದೆಂಬುದನ್ನು ಆರ್. ಶಾಮಶಾಸ್ತ್ರಿಗಳು ಓದಿ ಕಂಡುಕೊಂಡು, 1909ರಲ್ಲಿ ಅದನ್ನು ಅಚ್ಚುಮಾಡಿಸಿ ಲೋಕದ ಮುಂದಿಟ್ಟ ಸಂಗತಿಯನ್ನು ನಮ್ಮವರು ಅಭಿಮಾನದಿಂದ ಸ್ಮರಿಸುತ್ತಾರೆ, ಸ್ಮರಿಸತಕ್ಕದ್ದೇ ಸರಿ. ಆದರೆ ಆ ಕಟ್ಟು ಯಾರ ಮನೆಯ ಯಾವ ಪೆಟ್ಟಿಗೆಯಲ್ಲಿತ್ತು, ಅದರ ಮಗ್ಗುಲಲ್ಲಿ ಇನ್ನಾವ ಗ್ರಂಥಗಳಿದ್ದವು, ಅದನ್ನು ಆ ಮನೆಯವರು ಯಾರಿಂದ ಪಡೆದಿದ್ದರು ಎಂದು ಕೇಳಿದರೆ, ಪ್ರಚಲಿತವಾಗಿರುವ ವೃತ್ತಾಂತಗಳಲ್ಲಿ ದೊರೆಯುವ ಉತ್ತರವು ‘ತಂಜಾವೂರು ಜಿಲ್ಲೆಯ ಒಬ್ಬ ಪಂಡಿತರು’ ಎಂಬಲ್ಲಿಗೆ ಮುಗಿದುಹೋಗುತ್ತದೆ. ಅಂದು ಒಂದು ಚೀಟಿಯ ಮೇಲೆ ನಾಲ್ಕು ಸಾಲು ಬರೆದಿಟ್ಟಿದ್ದರೆ, ಅದರ ಜಾಡು ಹಿಡಿದು ಇನ್ನೊಂದು ಪ್ರತಿಯನ್ನೋ, ಜೊತೆಯಲ್ಲಿ ಅಪೂರ್ಣವಾಗಿ ಬಂದಿದ್ದ ಭಟ್ಟಸ್ವಾಮಿಯ ವ್ಯಾಖ್ಯಾನದ ಉಳಿದ ಭಾಗವನ್ನೋ ಅರಸಿ ಹೊರಡುವುದಕ್ಕೆ ಅವಕಾಶವಿರುತ್ತಿತ್ತು. ಹಳೆಯ ಬರಹಗಳನ್ನು ಕಾಪಾಡುವವರು ಬರಹವನ್ನು ಮಾತ್ರವಲ್ಲದೆ ಅದು ನಡೆದುಬಂದ ದಾರಿಯನ್ನೂ ಕಾಪಾಡಬೇಕೆಂಬುದು ಈ ಲೇಖನದಲ್ಲಿ ನಾನು ಹೇಳಬೇಕೆಂದಿರುವ ಮುಖ್ಯವಾದ ಮಾತು.

ದಾಖಲೆಯೆಂದೊಡನೆ ವಿಧಾನಸೌಧದ ರಾಜ್ಯ ಪತ್ರಾಗಾರವೋ ದೆಹಲಿಯ ರಾಷ್ಟ್ರೀಯ ಪತ್ರಾಗಾರವೋ ನೆನಪಿಗೆ ಬರುವುದು ಸಹಜ. ಆದರೆ ನಮ್ಮ ನಾಡಿನ ಜೀವನವನ್ನು ಹತ್ತಿರದಿಂದ ತೋರಿಸಬಲ್ಲ ಕಾಗದಗಳಲ್ಲಿ ಬಹುಪಾಲು ಇಂದಿಗೂ ಸರ್ಕಾರದ ಕಪಾಟುಗಳ ಹೊರಗಿವೆ. ವಂಶಪಾರಂಪರ್ಯವಾಗಿ ಬಂದಿದ್ದ ಶಾನುಭೋಗಿಕೆ, ಪಟೇಲಿಕೆಗಳನ್ನು 1961ರ ಗ್ರಾಮಾಧಿಕಾರ ರದ್ದಿಯಾತಿ ಕಾನೂನು ಕೊನೆಗಾಣಿಸಿ, 1963ರ ಫೆಬ್ರವರಿ 1ರಿಂದ ಅದು ಆಚರಣೆಗೆ ಬಂದಾಗ, ಚಾಲ್ತಿಯಲ್ಲಿದ್ದ ಲೆಕ್ಕಪತ್ರಗಳು ತಾಲ್ಲೂಕು ಕಚೇರಿಯ ಕಡೆಗೆ ನಡೆದುವು. ಅದಕ್ಕಿಂತ ಹಿಂದಿನವು ಎಷ್ಟೋ ಮನೆಗಳ ಅಟ್ಟದ ಮೇಲೆ ಉಳಿದುಕೊಂಡುವು. ಗದಗಿನ ಸಮೀಪದ ಕಣಗಿನಹಾಳದಲ್ಲಿ 1905ರಲ್ಲಿ ಸಿದ್ಧನಗೌಡ ಪಾಟೀಲರು ಕಟ್ಟಿದ ಸಹಕಾರ ಸಂಘವನ್ನು ಅನುಸರಿಸಿ ಊರೂರಿನಲ್ಲಿ ಹುಟ್ಟಿದ ಪತ್ತಿನ ಸಂಘಗಳ ಠರಾವು ಪುಸ್ತಕಗಳು, ಕಿರ್ದಿ-ಖಾತೆಗಳು, ಶತಮಾನ ಕಂಡ ಪ್ರಾಥಮಿಕ ಶಾಲೆಗಳ ದಾಖಲಾತಿ ಪುಸ್ತಕಗಳು, ಮಠಗಳ ಕಡತಗಳು, ನಾಟಕ ಮಂಡಲಿಗಳ ಕರಾರುಪತ್ರಗಳು, ನೇಕಾರರ ಸಂಘದ ನೂಲಿನ ಲೆಕ್ಕ—ಇವುಗಳನ್ನು ನೋಡಿಕೊಳ್ಳುವ ಹೊಣೆಯು ಪತ್ರಾಗಾರಶಾಸ್ತ್ರವನ್ನು ಓದದ ಒಬ್ಬ ಕಾರ್ಯದರ್ಶಿಯ ಮೇಲೆ, ನಿವೃತ್ತರಾದ ಒಬ್ಬ ಮೇಷ್ಟರ ಮೇಲೆ, ಅಥವಾ ಮನೆಯ ಹಿರಿಯ ಸೊಸೆಯ ಮೇಲೆ ಬಿದ್ದಿರುತ್ತದೆ. ಅಂಥವರನ್ನು ಮನಸ್ಸಿನಲ್ಲಿಟ್ಟುಕೊಂಡು ಈ ಕೆಲಸದ ಕ್ರಮವನ್ನು ವಿವರಿಸುತ್ತೇನೆ.

ಪೆಟ್ಟಿಗೆಯನ್ನು ತೆರೆದ ಕೂಡಲೇ ಕೈಹಾಕಿ ವಿಂಗಡಿಸಲು ತೊಡಗಬಾರದು. ಶಾನುಭೋಗರ ಮನೆಯ ಮರದ ಪೆಟ್ಟಿಗೆಯೊಂದನ್ನು ಕಲ್ಪಿಸಿಕೊಳ್ಳೋಣ. ಮೇಲ್ಗಡೆ ಕೆಂಪು ವಸ್ತ್ರದಲ್ಲಿ ಸುತ್ತಿ ಅದರ ತುದಿಯಿಂದಲೇ ಗಂಟುಹಾಕಿದ ಐದಾರು ಕಟ್ಟುಗಳಿವೆ. ಒಂದರ ಗಂಟಿನಡಿಯಲ್ಲಿ ಚೀಟಿಯೊಂದನ್ನು ಸಿಕ್ಕಿಸಿದ್ದಾರೆ. ಚೀಟಿಯಲ್ಲಿ ಸಂವತ್ಸರದ ಹೆಸರೂ ‘ಜಮಾಬಂದಿ’ ಎಂಬ ಮಾತೂ ಮಾಸಿದ ಮಸಿಯಲ್ಲಿವೆ. ಕೆಳಗಡೆ ದಾರದಲ್ಲಿ ಪೋಣಿಸಿದ ರಸೀದಿಗಳು, ತಳದಲ್ಲಿ ಪಾಲುಪಟ್ಟಿ, ಕ್ರಯಪತ್ರಗಳ ಒಂದು ತಗಡಿನ ಕೊಳವೆ, ಮೂಲೆಯಲ್ಲಿ ಒಂದು ಜಾತಕದ ಸುರುಳಿ. ಈ ಸ್ಥಿತಿಯನ್ನು ಇದ್ದಂತೆಯೇ ಛಾಯಾಚಿತ್ರ ತೆಗೆದುಕೊಂಡು, ಕಟ್ಟುಗಳನ್ನು ಒಂದೊಂದಾಗಿ ಮೇಲಿಂದ ಕೆಳಕ್ಕೆ ತೆಗೆಯುತ್ತ, ತೆಗೆದ ಕ್ರಮದಲ್ಲಿಯೇ ಒಂದು, ಎರಡು ಎಂದು ಚೀಟಿಗಳನ್ನು ಬರೆದು ಕಟ್ಟಿನೊಡನೆ ಇಡಬೇಕು. ಪೆಟ್ಟಿಗೆ ಯಾವ ಕೋಣೆಯಲ್ಲಿತ್ತು, ಯಾರ ಸುಪರ್ದಿನಲ್ಲಿತ್ತು, ಕೊನೆಯದಾಗಿ ಯಾರು ತೆರೆದದ್ದು ಎಂಬುದನ್ನು ಮನೆಯ ಹಿರಿಯರನ್ನು ಕೇಳಿ ಅಂದೇ ಬರೆದುಕೊಳ್ಳಬೇಕು. ಹಿರಿಯರ ನೆನಪಿಗಿಂತ ಕಾಗದಕ್ಕೆ ಆಯುಷ್ಯ ಹೆಚ್ಚು. ಆದುದರಿಂದ ಕಾಗದವನ್ನು ನಾಳೆ ನೋಡಬಹುದು, ಹಿರಿಯರನ್ನು ಇಂದೇ ಕೇಳಬೇಕು. ಗಂಟಿನಡಿಯ ಆ ಚೀಟಿಯನ್ನು ಕಸವೆಂದು ಭಾವಿಸಿ ಎಸೆದರೆ, ಇಡೀ ಕಟ್ಟಿನ ಅರ್ಥವನ್ನು ತಿಳಿದಿದ್ದವನು ಸ್ವಹಸ್ತದಿಂದ ಬರೆದ ಏಕೈಕ ಸಾಕ್ಷಿಯನ್ನು ಎಸೆದಂತಾಗುತ್ತದೆ.

ಇದ್ದ ಕ್ರಮಕ್ಕೆ ಇಷ್ಟು ಗೌರವವೇಕೆಂದು ಕೇಳುವವರುಂಟು. ಇದಕ್ಕೆ ಉತ್ತರವನ್ನು ಯೂರೋಪಿನವರು ಬಹಳ ನಷ್ಟವನ್ನು ಅನುಭವಿಸಿ ಕಲಿತರು. ಫ್ರಾನ್ಸಿನಲ್ಲಿ ರಾಜ್ಯಕ್ರಾಂತಿಯಾದ ಮೇಲೆ, ಅರಸೊತ್ತಿಗೆಯ ಕಚೇರಿಗಳಿಂದಲೂ ಮಠ-ಚರ್ಚುಗಳಿಂದಲೂ ಪ್ಯಾರಿಸ್ಸಿಗೆ ಬಂದು ಸೇರಿದ ದಾಖಲೆಗಳನ್ನು, ಆ ಕಾಲದ ಪಂಡಿತರು ಗ್ರಂಥಾಲಯದ ಪುಸ್ತಕಗಳನ್ನು ಹೇಗೋ ಹಾಗೆ ವಿಷಯಾನುಸಾರವಾಗಿ ಒಡೆದು ಹಂಚಿದರು. ಒಂದು ಕಚೇರಿಯು ಒಂದು ವಿಚಾರವನ್ನು ಹೇಗೆ ಆರಂಭಿಸಿ, ಯಾರ ಅಭಿಪ್ರಾಯವನ್ನು ಕೇಳಿ, ಯಾವ ತೀರ್ಮಾನಕ್ಕೆ ಬಂದಿತೆಂಬುದು ಕಾಗದಗಳ ಪರಸ್ಪರ ಸಂಬಂಧದಲ್ಲಿ ಅಡಗಿತ್ತು. ಹಂಚಿಕೆಯಾದೊಡನೆ ಆ ಸಂಬಂಧವು ಕಡಿದುಹೋಯಿತು. ಕಡೆಗೆ 1841ರಲ್ಲಿ ನತಾಲಿ ದ ವೈಲಿ ಎಂಬ ಅಧಿಕಾರಿಯ ಪ್ರೇರಣೆಯಿಂದ ಹೊರಟ ಸುತ್ತೋಲೆಯೊಂದು, ಒಂದು ಸಂಸ್ಥೆಯಿಂದ ಅಥವಾ ಒಂದು ಮನೆತನದಿಂದ ಬಂದ ಕಾಗದಗಳೆಲ್ಲವನ್ನೂ ಒಂದೇ ಸಮುದಾಯವಾಗಿ ಇರಿಸಬೇಕು, ಅನ್ಯ ಸಮುದಾಯದೊಡನೆ ಬೆರೆಸಕೂಡದು ಎಂದು ವಿಧಿಸಿತು. 1898ರಲ್ಲಿ ಮುಲ್ಲರ್, ಫೈತ್, ಫ್ರೌಯಿನ್ ಎಂಬ ಮೂವರು ಡಚ್ ವಿದ್ವಾಂಸರು ನೂರು ಸೂತ್ರಗಳ ಕೈಪಿಡಿಯೊಂದನ್ನು ರಚಿಸಿ, ಸಮುದಾಯದ ಒಳಗೂ ಅದನ್ನು ಹುಟ್ಟಿಸಿದವರ ಮೂಲಕ್ರಮವನ್ನೇ ಉಳಿಸಬೇಕೆಂದು ಪ್ರತಿಪಾದಿಸಿದರು. ಇಂದು ಲೋಕದ ಪತ್ರಾಗಾರಗಳೆಲ್ಲವೂ ಈ ಎರಡು ತತ್ತ್ವಗಳ ಮೇಲೆ ನಿಂತಿವೆ.

ನಮ್ಮ ನಾಡಿನಲ್ಲಿ ಇದರ ಮಹತ್ತ್ವವನ್ನು ತೋರಿಸುವ ನಿದರ್ಶನ ಶೃಂಗೇರಿಯದು. 1916ರಲ್ಲಿ ಮೈಸೂರಿನ ಪ್ರಾಚ್ಯವಸ್ತು ಇಲಾಖೆಯ ನಿರ್ದೇಶಕರಾಗಿದ್ದ ಆರ್. ನರಸಿಂಹಾಚಾರ್ಯರು ಆ ಮಠದ ದಾಖಲೆಗಳನ್ನು ಪರಿಶೀಲಿಸುವಾಗ, ಟಿಪ್ಪು ಸುಲ್ತಾನನು ಅಲ್ಲಿನ ಸ್ವಾಮಿಗಳಿಗೆ ಕನ್ನಡದಲ್ಲಿ ಬರೆಯಿಸಿ ಕಳುಹಿಸಿದ್ದ ಹಲವಾರು ಕಾಗದಗಳು ದೊರೆತುವು. 1791ರಲ್ಲಿ ಪರಶುರಾಮಭಾವುವಿನ ಮರಾಠಾ ಸೇನೆಯ ಕಡೆಯವರು ಮಠವನ್ನು ಲೂಟಿಮಾಡಿದ ಸಂಗತಿಯೂ, ಅನಂತರ ಶಾರದಾದೇವಿಯ ಪುನಃಪ್ರತಿಷ್ಠೆಗಾಗಿ ಸುಲ್ತಾನನು ನೆರವಿತ್ತ ಸಂಗತಿಯೂ ಅವುಗಳಿಂದ ತಿಳಿದುಬಂದುವು. ಈ ಕಾಗದಗಳ ಪೈಕಿ ಒಂದೇ ಒಂದು ಎಲ್ಲೋ ಒಬ್ಬ ಹಳೆಯ ಸಾಮಾನಿನ ವ್ಯಾಪಾರಿಯ ಅಂಗಡಿಯಲ್ಲಿ ಕಾಣಿಸಿಕೊಂಡಿದ್ದರೆ, ಅದು ಸಾಚಾ ಹೌದೋ ಅಲ್ಲವೋ ಎಂಬ ವಿವಾದಕ್ಕೆ ಕೊನೆಯಿರುತ್ತಿರಲಿಲ್ಲ. ಕಾಗದಗಳು ತಾವು ಬಂದು ಸೇರಿದ ಸ್ಥಳದಲ್ಲಿಯೇ, ಅದೇ ಮಠದ ಇತರ ದಾಖಲೆಗಳ ನಡುವೆ, ಕೈತಪ್ಪದೆ ಉಳಿದುಬಂದದ್ದರಿಂದ ಅವುಗಳಿಗೆ ಪ್ರಾಮಾಣ್ಯ ಲಭಿಸಿತು.

ಹೀಗಿರುವಲ್ಲಿ, ಸಂಗ್ರಹವನ್ನು ಕಂಡೊಡನೆ ‘ಪ್ರಸಿದ್ಧರ ಪತ್ರ’ಗಳನ್ನು ಆಯ್ದು ಚೌಕಟ್ಟು ಹಾಕಿಸಿ ಗೋಡೆಗೆ ತೂಗುಹಾಕುವ ಅಭ್ಯಾಸವು ತೀರ ಹಾನಿಕರವೆಂದು ನಾನು ಸ್ಪಷ್ಟವಾಗಿ ಹೇಳಬಯಸುತ್ತೇನೆ. ಸಾಹಿತಿಯೊಬ್ಬರು ಸಂಘಕ್ಕೆ ಬರೆದ ಕಾಗದವು, ಸಂಘವು ಅವರಿಗೆ ಬರೆದುದರ ನಕಲು, ಅವರ ಪ್ರಯಾಣದ ಖರ್ಚಿನ ರಸೀದಿ, ಅವರ ಭಾಷಣದ ಬಗ್ಗೆ ನಡವಳಿ ಪುಸ್ತಕದಲ್ಲಿರುವ ಎರಡು ಸಾಲು—ಇವುಗಳೊಡನೆ ಇದ್ದಾಗ ಹೇಳುವಷ್ಟನ್ನು ಗೋಡೆಯ ಮೇಲೆ ಒಂಟಿಯಾಗಿ ನಿಂತು ಹೇಳಲಾರದು. ಪ್ರದರ್ಶನ ಬೇಕಾದರೆ ಒಳ್ಳೆಯ ನಕಲೊಂದನ್ನು ತೂಗುಹಾಕಬಹುದು. ಮೂಲವು ತನ್ನ ಸ್ಥಾನದಲ್ಲಿರಲಿ. ಆಕಾರದ ಕಾರಣದಿಂದಲೋ ರಕ್ಷಣೆಯ ಕಾರಣದಿಂದಲೋ ಒಂದು ನಕ್ಷೆಯನ್ನು ಅಥವಾ ಭಾವಚಿತ್ರವನ್ನು ಬೇರೆ ಇರಿಸಲೇಬೇಕಾಗಿ ಬಂದರೆ, ಅದಿದ್ದ ಸ್ಥಳದಲ್ಲಿ ‘ಇಲ್ಲಿದ್ದ ನಕ್ಷೆ ಇಂಥ ಪೆಟ್ಟಿಗೆಯಲ್ಲಿದೆ’ ಎಂದು ಒಂದು ಹಾಳೆಯನ್ನಿಟ್ಟರೆ ಸಾಕು. ಇನ್ನು ಕ್ರಮವೆಂಬುದೇ ಉಳಿದಿಲ್ಲದೆ, ಹಿಂದೊಮ್ಮೆ ಮಳೆಯ ನೀರು ನುಗ್ಗಿ ಗೋಣಿಚೀಲಕ್ಕೆ ತುಂಬಿದ ಕಾಗದಗಳಾಗಿದ್ದರೆ, ಆ ಸಂಸ್ಥೆಯು ಯಾವ ಯಾವ ಕೆಲಸಗಳನ್ನು ಮಾಡುತ್ತಿತ್ತೆಂಬುದನ್ನು ಮೊದಲು ಬರೆದುಕೊಂಡು, ಸಭೆಯ ನಡವಳಿ, ಸದಸ್ಯತ್ವ, ಸಾಲ, ವಸೂಲಿ, ಪತ್ರವ್ಯವಹಾರ ಎಂದು ಆ ಕೆಲಸಗಳನ್ನು ಅನುಸರಿಸಿ ಜೋಡಿಸಿ, ಈ ಜೋಡಣೆ ನಮ್ಮದು, ಮೂಲದ್ದಲ್ಲ ಎಂದು ಪಟ್ಟಿಯ ಆರಂಭದಲ್ಲಿಯೇ ಒಕ್ಕಣಿಸಬೇಕು.

ರಕ್ಷಣೆಯ ವಿಚಾರದಲ್ಲಿ ಮಾಡಬೇಕಾದುದಕ್ಕಿಂತ ಮಾಡಬಾರದುದೇ ಹೆಚ್ಚು. ಹರಿದ ಕಾಗದಕ್ಕೆ ಸೆಲೊಟೇಪನ್ನು ಅಂಟಿಸಕೂಡದು. ಕೆಲವು ವರ್ಷಗಳಲ್ಲಿ ಟೇಪು ಕಳಚಿ ಬೀಳುತ್ತದೆ, ಅದರ ಅಂಟು ಮಾತ್ರ ಕಂದುಗಟ್ಟಿ ಕಾಗದದೊಳಗೆ ಇಳಿದು ನಿಲ್ಲುತ್ತದೆ. ಪ್ಲಾಸ್ಟಿಕ್ಕಿನ ಲ್ಯಾಮಿನೇಷನ್ ಮಾಡಿಸುವುದೂ ಹಾಗೆಯೇ. ಅದನ್ನು ಮತ್ತೆ ಬಿಡಿಸುವ ಮಾರ್ಗವಿಲ್ಲ. ಗುಂಡುಸೂಜಿ, ಸ್ಟೇಪಲ್ ಪಿನ್ನುಗಳು ತುಕ್ಕುಹಿಡಿದು ಕಾಗದವನ್ನು ತಿನ್ನುವುದರಿಂದ ಅವನ್ನು ಮೆಲ್ಲಗೆ ತೆಗೆದು, ಒಟ್ಟಿಗಿದ್ದ ಹಾಳೆಗಳು ಚೆದುರದಂತೆ ಒಂದು ಬಿಳಿಯ ಹಾಳೆಯನ್ನು ಮಡಿಸಿ ಅದರೊಳಗಿಡಬೇಕು. ಹಳೆಯ ವೃತ್ತಪತ್ರಿಕೆಯಲ್ಲಿ ಸುತ್ತಿದರೆ ಅದರ ಆಮ್ಲವು ಒಳಗಿನ ಕಾಗದಕ್ಕೆ ಇಳಿಯುತ್ತದೆ. ಒಗೆದು ಒಣಗಿಸಿದ ಹತ್ತಿಯ ಬಟ್ಟೆ ಅದಕ್ಕಿಂತ ಎಷ್ಟೋ ಮೇಲು. ಹಾಳೆಗಳಿಗೆ ಅಂಕೆ ಹಾಕುವುದು ಮೃದುವಾದ ಸೀಸದ ಕಡ್ಡಿಯಿಂದಲೇ ಹೊರತು ಪೆನ್ನಿನಿಂದಲ್ಲ. ಅಟ್ಟವು ಬೇಸಿಗೆಯಲ್ಲಿ ಕಾಯುವ, ಮಳೆಗಾಲದಲ್ಲಿ ಸೋರುವ ಸ್ಥಳವಾದುದರಿಂದ, ನಡುಮನೆಯ ಒಳಗೋಡೆಯ ಬಳಿ, ಗೋಡೆಗೆ ತಗಲದಂತೆಯೂ ನೆಲದಿಂದ ಅರ್ಧ ಅಡಿಯಷ್ಟು ಮೇಲಕ್ಕೂ ಇರುವ ಉಕ್ಕಿನ ಕಪಾಟು ಉತ್ತಮ. ಗೆದ್ದಲು ನೆಲದಿಂದಲೂ ಗೋಡೆಯ ಮೂಲಕವೂ ಏರಿಬರುವುದರಿಂದ ಗಾಳಿಯಾಡುವ ಈ ಅಂತರವು ಅದನ್ನು ಕಾಣುವುದಕ್ಕೂ ತಡೆಯುವುದಕ್ಕೂ ನೆರವಾಗುತ್ತದೆ. ತಿಂಗಳಿಗೊಮ್ಮೆ ಕಪಾಟನ್ನು ತೆರೆದು ನೋಡುವ ಅಭ್ಯಾಸಕ್ಕೆ ಸಮನಾದ ಕೀಟನಾಶಕ ಇನ್ನೊಂದಿಲ್ಲ.

ಕಡತದ ವಿಷಯವಾಗಿ ವಿಶೇಷವಾಗಿ ಎಚ್ಚರಿಸಬೇಕಾಗಿದೆ. ಬಟ್ಟೆಗೆ ಹುಣಸೆಬೀಜದ ಸರಿಯಲ್ಲಿ ಇದ್ದಿಲ ಪುಡಿಯನ್ನು ಕಲಸಿ ಬಳಿದು, ಒಣಗಿಸಿ, ಅಡ್ಡಡ್ಡಲಾಗಿ ಮಡಿಸಿದ ಈ ಕರಿಯ ಪುಸ್ತಕದ ಮೇಲೆ ನಮ್ಮ ಹಿರಿಯರು ಬಳಪದಿಂದ ಬರೆಯುತ್ತಿದ್ದರು. ಬೇಡವಾದುದನ್ನು ಒರೆಸಿ ಮತ್ತೆ ಬರೆಯುವ ಅನುಕೂಲಕ್ಕಾಗಿಯೇ ಹುಟ್ಟಿದ ಸಾಧನ ಅದು. ನೂರೈವತ್ತು ವರ್ಷಗಳ ಲೆಕ್ಕವು ಆ ಕರಿಯ ಮೈಯ ಮೇಲೆ ಬಿಳಿಯ ಪುಡಿಯಾಗಿ ಕುಳಿತಿದೆಯೇ ಹೊರತು ಮಸಿಯಂತೆ ಒಳಗಿಳಿದಿಲ್ಲ. ಧೂಳು ಒರೆಸುವ ಸದುದ್ದೇಶದಿಂದ ಒದ್ದೆಬಟ್ಟೆಯನ್ನು ಒಂದು ಬಾರಿ ಆಡಿಸಿದರೆ ಧೂಳಿನ ಜೊತೆಗೆ ಬರಹವೂ ಹೊರಟುಹೋಗುತ್ತದೆ. ಕಡತವನ್ನು ಉಜ್ಜದೆ, ಹಾಳೆಗಳನ್ನು ಒಂದರ ಮೇಲೊಂದು ಜರುಗಿಸದೆ, ಮಡಿಕೆಯನ್ನು ಬಲವಂತವಾಗಿ ಚಪ್ಪಟೆಮಾಡದೆ, ಪಕ್ಕದಿಂದ ಓರೆಯಾಗಿ ಬೆಳಕು ಬೀಳುವಂತೆ ಮಾಡಿ ಮೊದಲು ಛಾಯಾಚಿತ್ರ ತೆಗೆದುಕೊಳ್ಳಬೇಕು. ತಾಳೆಗರಿಯ ಅಕ್ಷರವು ಇದಕ್ಕೆ ವಿರುದ್ಧವಾದ ಸ್ವಭಾವದ್ದು; ಕಂಟದಿಂದ ಕೊರೆದು ಮಸಿ ತುಂಬಿದ್ದಾದುದರಿಂದ ಅಕ್ಷರವು ಸುಲಭದಲ್ಲಿ ಅಳಿಯದಿದ್ದರೂ, ಗರಿಯು ಒಣಗಿ ಸೀಳುತ್ತದೆ. ಅದರ ಉಪಚಾರವನ್ನು ಬಲ್ಲವರ ಕೈಗೇ ಬಿಡತಕ್ಕದ್ದು.

ಈಗ ವಿವರಣೆಯ ಮಾತು. ಅನೇಕರು ಇಲ್ಲಿಯೇ ಎಡವುತ್ತಾರೆ. ಮೊದಲನೆಯ ಕಟ್ಟಿನ ಮೊದಲನೆಯ ಕಾಗದವನ್ನು ಕೈಗೆತ್ತಿಕೊಂಡು ಅದರ ಸಾರಾಂಶವನ್ನು ಒಂದು ಪುಟ ಬರೆದು, ಮೂರನೆಯ ಕಟ್ಟಿಗೆ ಬರುವಷ್ಟರಲ್ಲಿ ಉತ್ಸಾಹವುಡುಗಿ, ಉಳಿದ ನಲವತ್ತು ಕಟ್ಟುಗಳಲ್ಲಿ ಏನಿದೆಯೆಂಬುದು ಯಾರಿಗೂ ತಿಳಿಯದಂತೆ ಕೈಬಿಡುತ್ತಾರೆ. ಸರಿಯಾದ ಕ್ರಮವು ಸಮಷ್ಟಿಯಿಂದ ವ್ಯಷ್ಟಿಗೆ ಇಳಿಯುವಂಥದು. ಅಂತರರಾಷ್ಟ್ರೀಯ ಪತ್ರಾಗಾರ ಪರಿಷತ್ತು 1994ರಲ್ಲಿ ಪ್ರಕಟಿಸಿ ಅನಂತರ ಪರಿಷ್ಕರಿಸಿದ ಸಾಮಾನ್ಯ ವಿವರಣಾ ನಿಯಮಾವಳಿಯಲ್ಲಿ ಇಪ್ಪತ್ತಾರು ಅಂಶಗಳಿದ್ದರೂ ಅತ್ಯಾವಶ್ಯಕವೆಂದು ಎಣಿಸಿರುವವು ಆರು ಮಾತ್ರ: ಗುರುತಿನ ಸಂಕೇತ, ಶೀರ್ಷಿಕೆ, ಸೃಷ್ಟಿಸಿದವರು ಯಾರು, ಯಾವ ಕಾಲದ್ದು, ಎಷ್ಟು ಪ್ರಮಾಣದ್ದು, ಮತ್ತು ಈ ವಿವರಣೆಯು ಇಡೀ ಸಮುದಾಯದ್ದೋ, ಅದರೊಳಗಿನ ಒಂದು ಸರಣಿಯದೋ, ಒಂದು ಕಟ್ಟಿನದೋ, ಬಿಡಿ ಕಾಗದದ್ದೋ ಎಂಬ ಸೂಚನೆ. ಇವು ಆರನ್ನು ಬರೆಯಲು ಕಂಪ್ಯೂಟರು ಬೇಕಿಲ್ಲ. ಗೆರೆ ಹಾಕಿದ ಒಂದು ಪುಸ್ತಕ ಸಾಕು.

ಮೇಲೆ ಕಲ್ಪಿಸಿಕೊಂಡ ಪೆಟ್ಟಿಗೆಗೆ ಅನ್ವಯಿಸಿ ಮಾದರಿಯೊಂದನ್ನು ಕೊಡುತ್ತೇನೆ. ‘ಸಂಕೇತ: ಶಾ. ಶೀರ್ಷಿಕೆ: ಇಂಥ ಗ್ರಾಮದ ಶಾನುಭೋಗ ಮನೆತನದ ದಾಖಲೆಗಳು. ಸೃಷ್ಟಿಸಿದವರು: ಮೂರು ತಲೆಮಾರಿನ ಶಾನುಭೋಗರು, ಹೆಸರುಗಳು ಮುಂದಿವೆ. ಕಾಲ: 1888ರಿಂದ 1963, ಹೆಚ್ಚಿನವು 1905ರ ಅನಂತರದವು. ಪ್ರಮಾಣ: 14 ಕಟ್ಟು, 3 ಕಡತ, 1 ತಗಡಿನ ಕೊಳವೆ. ಸ್ತರ: ಇಡೀ ಸಮುದಾಯ. ಮನೆಯ ಮರದ ಪೆಟ್ಟಿಗೆಯಲ್ಲಿ ಹಿರಿಯ ಮಗನ ವಶದಲ್ಲಿತ್ತು. ಎರಡು ಕಟ್ಟುಗಳಿಗೆ ಗೆದ್ದಲು ತಗಲಿದೆ.’ ಇದರ ಕೆಳಗೆ ಶಾ-1 ಜಮಾಬಂದಿ ಲೆಕ್ಕಗಳು, ಶಾ-2 ಸರ್ಕಾರದ ಹುಕುಂ-ನಿರೂಪಗಳು, ಶಾ-3 ಮನೆಯ ಆಸ್ತಿಪತ್ರಗಳು, ಶಾ-4 ಖಾಸಗಿ ಕಾಗದಗಳು ಎಂದು ಸರಣಿಗಳು. ಸರಣಿಯೊಳಗೆ ಶಾ-1/1, ಶಾ-1/2 ಎಂದು ಕಟ್ಟುಗಳು. ಮೇಲಿನ ಸ್ತರದಲ್ಲಿ ಒಮ್ಮೆ ಹೇಳಿದ್ದನ್ನು ಕೆಳಗೆ ಪುನಃ ಹೇಳಬೇಕಾಗಿಲ್ಲ. ಓದುಗನು ಬಂದು ‘ನಮ್ಮೂರಿನ ಕೆರೆಯ ದುರಸ್ತಿಯ ವಿಚಾರ ಏನಾದರೂ ಸಿಕ್ಕೀತೆ?’ ಎಂದು ಕೇಳಿದರೆ, ಹುಕುಂಗಳ ಸರಣಿಯನ್ನೂ ಜಮಾಬಂದಿಯನ್ನೂ ನೋಡೆಂದು ಬೆರಳು ತೋರಿಸುವಷ್ಟು ಶಕ್ತಿ ಈ ಒಂದೆರಡು ಪುಟಕ್ಕೆ ಬರುತ್ತದೆ. ಅಮೆರಿಕೆಯ ಮಾರ್ಕ್ ಗ್ರೀನ್, ಡೆನಿಸ್ ಮೈಸ್ನರ್ ಎಂಬ ಇಬ್ಬರು ಪತ್ರಾಗಾರಪಾಲರು 2005ರಲ್ಲಿ ಇದೇ ಅಭಿಪ್ರಾಯವನ್ನು ವಾದಿಸಿ ಬರೆದರು: ಪ್ರತಿಯೊಂದು ಹಾಳೆಯನ್ನೂ ಸಂಸ್ಕರಿಸುವ ಹಟದಲ್ಲಿ ರಾಶಿ ರಾಶಿ ದಾಖಲೆಗಳು ಓದುಗರಿಗೆ ಮುಚ್ಚಿಹೋಗಿರುವುದಕ್ಕಿಂತ, ಸ್ಥೂಲವಾದ ವಿವರಣೆಯೊಡನೆ ಎಲ್ಲವೂ ಬೇಗನೆ ತೆರೆದಿರುವುದು ಲೇಸು. ನನ್ನ ಮತವೂ ಅದೇ. ಬಿಡಿ ಕಾಗದದ ಮಟ್ಟದ ವಿವರಣೆಯನ್ನು ಆಸ್ತಿಪತ್ರಗಳಿಗೂ ಹಳೆಯ ಸನದುಗಳಿಗೂ ಮೀಸಲಿಟ್ಟರೆ ಸಾಕು.

ಕಾಲನಿರ್ಣಯದಲ್ಲಿ ನಮ್ಮ ಕಾಗದಗಳಿಗೆ ವಿಶಿಷ್ಟವಾದ ತೊಡಕೊಂದುಂಟು. ‘ವಿಶ್ವಾವಸು ಸಂವತ್ಸರದ ಆಷಾಢ ಶುದ್ಧ ಪಂಚಮಿ’ ಎಂದಷ್ಟೇ ಬರೆದ ಪತ್ರವು, ಸಂವತ್ಸರಗಳು ಅರವತ್ತು ವರ್ಷಕ್ಕೊಮ್ಮೆ ಮರಳುವುದರಿಂದ, 1845ರದಾಗಿರಬಹುದು, 1905ರದಾಗಿರಬಹುದು, 1965ರದೂ ಆಗಿರಬಹುದು. ಆಗ ಕಾಗದವೇ ಕೊಡುವ ಬೇರೆ ಸಾಕ್ಷ್ಯಗಳನ್ನು ವಿಚಾರಿಸಬೇಕು. ಲಕೋಟೆಯ ಮೇಲೆ ಅಂಚೆಚೀಟಿಯಿದೆಯೆನ್ನೋಣ. ದೇಶಕ್ಕೆಲ್ಲ ಅನ್ವಯಿಸುವ ಅಂಚೆಚೀಟಿಗಳು ಹೊರಟದ್ದು 1854ರಲ್ಲಿ, ಆದುದರಿಂದ 1845 ಬಿದ್ದುಹೋಯಿತು. ಒಳಗೆ ಹಣವನ್ನು ರೂಪಾಯಿ, ಆಣೆ, ಪೈಗಳಲ್ಲಿ ಎಣಿಸಿದೆ. ದಶಮಾಂಶ ನಾಣ್ಯವು 1957ರ ಏಪ್ರಿಲ್ 1ರಿಂದ ಬಳಕೆಗೆ ಬಂದುದರಿಂದ 1965ನ್ನೂ ಬಹುಮಟ್ಟಿಗೆ ಕೈಬಿಡಬಹುದು. ಉಳಿದದ್ದು 1905. ಪತ್ರದಲ್ಲಿ ವಾರವನ್ನು ಹೇಳಿದ್ದರೆ ಪಂಚಾಂಗದೊಡನೆ ತಾಳೆನೋಡಿ ದೃಢಪಡಿಸಿಕೊಳ್ಳಬಹುದು. ಶಕವರ್ಷಕ್ಕೆ 78ನ್ನೂ, ನಿಜಾಮರ ಮತ್ತು ಮದ್ರಾಸಿನ ಆಡಳಿತಕ್ಕೆ ಒಳಪಟ್ಟಿದ್ದ ಪ್ರದೇಶಗಳಲ್ಲಿ ಕಾಣುವ ಫಸಲಿ ವರ್ಷಕ್ಕೆ 590ನ್ನೂ ಕೂಡಿದರೆ ಸ್ಥೂಲವಾಗಿ ಕ್ರಿಸ್ತಶಕವು ಬರುತ್ತದೆ. ಆದರೆ ಪಟ್ಟಿಯಲ್ಲಿ ಮೂಲದ ಕಾಲವನ್ನೇ ಮೊದಲು ಬರೆದು, ನಾವು ಊಹಿಸಿದ ವರ್ಷವನ್ನು ಚೌಕ ಕಂಸದಲ್ಲಿಟ್ಟು, ಊಹೆಗೆ ಆಧಾರವಾವುದೆಂದು ಸೂಚಿಸಬೇಕು. ಮುಂದೆ ಬರುವ ವಿದ್ವಾಂಸರು ತಿದ್ದುವುದಕ್ಕೆ ಹಾದಿ ಬಿಟ್ಟಿರಬೇಕು.

ಲಿಪಿಯ ವಿಷಯದಲ್ಲಿಯೂ ಈ ಪ್ರಾಮಾಣಿಕತೆಯೇ ಬೇಕಾದುದು. ಮುಂಬಯಿ ಪ್ರಾಂತಕ್ಕೆ ಸೇರಿದ್ದ ಜಿಲ್ಲೆಗಳಲ್ಲಿ ಮೋಡಿ, ಕಲಬುರಗಿಯ ಕಡೆಯಲ್ಲಿ ಪಾರಸಿ-ಉರ್ದು, ಕರಾವಳಿಯ ಮನೆಗಳಲ್ಲಿ ತಿಗಳಾರಿ—ಹೀಗೆ ಒಂದೇ ಪೆಟ್ಟಿಗೆಯಲ್ಲಿ ಎರಡು ಮೂರು ಲಿಪಿಗಳು ದೊರೆಯುವುದುಂಟು. ಓದಲು ಬಾರದ ಕಟ್ಟನ್ನು ‘ಇತರೆ’ ಎಂಬ ಹೆಸರಿನಲ್ಲಿ ಮೂಲೆಗೊತ್ತದೆ, ‘ಮೋಡಿ ಲಿಪಿ, ಸುಮಾರು 200 ಹಾಳೆ, ಓದಿಲ್ಲ’ ಎಂದು ಬರೆದಿಟ್ಟರೆ, ಮೋಡಿಯನ್ನು ಬಲ್ಲವರು ಅದನ್ನೇ ಹುಡುಕಿಕೊಂಡು ಬರುತ್ತಾರೆ. ಉಂಬಳಿ, ಜೋಡಿ, ಇನಾಮು, ಕಂಡುಗ, ಕೊಳಗ ಮುಂತಾದ ಶಬ್ದಗಳನ್ನು ಇಂದಿನ ಮಾತಿಗೆ ತಿದ್ದದೆ ಹಾಗೆಯೇ ಉಳಿಸಬೇಕು. ಜನರನ್ನೂ ಜಾತಿಗಳನ್ನೂ ಹೀನಾಯವಾಗಿ ಕರೆಯುವ ಮಾತುಗಳು ಹಳೆಯ ಬರಹದಲ್ಲಿ ಬರುತ್ತವೆ. ಅವು ಮೂಲದಲ್ಲಿದ್ದರೆ ಉದ್ಧರಣ ಚಿಹ್ನೆಯೊಳಗೆ ಮೂಲದ ಮಾತಾಗಿಯೇ ಕಾಣಲಿ, ನಾವು ಬರೆಯುವ ಶೀರ್ಷಿಕೆಯಲ್ಲಿ ಮಾತ್ರ ಆ ಜನರು ತಮ್ಮನ್ನು ತಾವು ಕರೆದುಕೊಳ್ಳುವ ಹೆಸರೇ ಇರಲಿ.

ಇತ್ತೀಚೆಗೆ ಎಲ್ಲೆಲ್ಲಿಯೂ ಸ್ಕ್ಯಾನಿನ ಮಾತು ಕೇಳಿಬರುತ್ತದೆ. ಮೂಲದ ಮೇಲಿನ ಬಳಕೆಯ ಹೊರೆಯನ್ನು ತಗ್ಗಿಸುವುದಕ್ಕೂ ದೂರದ ಓದುಗರಿಗೆ ಮುಟ್ಟಿಸುವುದಕ್ಕೂ ಅದು ಉತ್ತಮ ಸಾಧನವೆಂಬುದು ನಿಶ್ಚಯ. ಆದರೆ ಪಟ್ಟಿಯಿಲ್ಲದೆ ಸ್ಕ್ಯಾನಿಗೆ ಹೊರಟವರ ಬಳಿ ಕಡೆಗುಳಿಯುವುದು, ಕ್ಯಾಮೆರಾ ಕೊಟ್ಟ ಅಂಕೆಗಳಷ್ಟೇ ಹೆಸರಾಗಿರುವ ಸಾವಿರಾರು ಚಿತ್ರಗಳು. ದೆಹಲಿಯ ರಾಷ್ಟ್ರೀಯ ಪತ್ರಾಗಾರವು—1891ರ ಮಾರ್ಚ್ 11ರಂದು ಕಲ್ಕತ್ತದಲ್ಲಿ ಇಂಪೀರಿಯಲ್ ರೆಕಾರ್ಡ್ ಡಿಪಾರ್ಟ್‌ಮೆಂಟ್ ಎಂದು ಹುಟ್ಟಿದ ಸಂಸ್ಥೆಯಿದು—2015ರಲ್ಲಿ ‘ಅಭಿಲೇಖ್ ಪಟಲ್’ ಎಂಬ ಜಾಲತಾಣವನ್ನು ತೆರೆದು ಮನೆಯಿಂದಲೇ ಹುಡುಕುವ ಅನುಕೂಲವನ್ನು ಒದಗಿಸಿದೆ. ಅಲ್ಲಿಯೂ ಹುಡುಕಿದವನಿಗೆ ಫಲ ಸಿಗುವುದು ತಲೆಮಾರುಗಳ ಕಾಲ ಗುಮಾಸ್ತರು ಬರೆದಿಟ್ಟ ವಿವರಣೆಯ ಬಲದಿಂದಲೇ. ಆದುದರಿಂದ ಮೊದಲು ಪಟ್ಟಿ, ಅನಂತರ ಚಿತ್ರ; ಚಿತ್ರದ ಹೆಸರು ಪಟ್ಟಿಯ ಸಂಕೇತವೇ ಆಗಿರಲಿ, ಶಾ-1/2ರ ಮೂರನೆಯ ಹಾಳೆಗೆ ‘ಶಾ-1-2-003’ ಎಂಬಂತೆ. ಕಾಗದದ ಹಿಂಬದಿಯ ಷರಾವನ್ನೂ ಲಕೋಟೆಯನ್ನೂ ಬಿಡದೆ ಚಿತ್ರಿಸಬೇಕು. ಮೂರು ಪ್ರತಿಗಳಿದ್ದು, ಅವುಗಳಲ್ಲಿ ಒಂದಾದರೂ ಬೇರೆ ಊರಿನಲ್ಲಿರಬೇಕು. ಸ್ಕ್ಯಾನಾಯಿತೆಂದು ಮೂಲವನ್ನು ವಿಲೇವಾರಿ ಮಾಡುವ ಸಲಹೆಯನ್ನು ಯಾರಾದರೂ ಕೊಟ್ಟರೆ ಅದನ್ನು ಕಿವಿಗೆ ಹಾಕಿಕೊಳ್ಳಬಾರದು.

ಕಾಪಾಡಿ, ವಿವರಿಸಿ, ಬೀಗಹಾಕಿದ ದಾಖಲೆಯಿಂದ ಯಾರಿಗೂ ಪ್ರಯೋಜನವಿಲ್ಲ. ಓದಲು ಕೊಡುವುದಕ್ಕೆ ಹೆದರುವವರ ಹೆದರಿಕೆಯು ನ್ಯಾಯವಾದುದೇ. ಆಸ್ತಿಯ ತಕರಾರು ಹುಟ್ಟೀತು, ಕಾಗದ ಕಳುವಾದೀತು, ಮನೆಯ ಗುಟ್ಟು ಬೀದಿಗೆ ಬಿದ್ದೀತು. ಇದಕ್ಕೆ ಪರಿಹಾರವು ಬರವಣಿಗೆಯಲ್ಲಿರುವ ನಿಯಮ, ಎಲ್ಲರಿಗೂ ಸಮನಾಗಿ ಅನ್ವಯಿಸುವ ನಿಯಮ. ಕೇಂದ್ರ ಸರ್ಕಾರದ ದಾಖಲೆಗಳ ವಿಷಯದಲ್ಲಿ ರಾಷ್ಟ್ರೀಯ ಪತ್ರಾಗಾರವು ಸಾಮಾನ್ಯವಾಗಿ ಮೂವತ್ತು ವರ್ಷ ದಾಟಿದವುಗಳನ್ನು ಓದುಗರಿಗೆ ತೆರೆಯುತ್ತದೆ. 1993ರ ಸಾರ್ವಜನಿಕ ದಾಖಲೆಗಳ ಕಾನೂನು, 1892ಕ್ಕೆ ಹಿಂದಿನ ಯಾವ ದಾಖಲೆಯನ್ನೂ, ಉಪಯೋಗಕ್ಕೆ ಬಾರದಷ್ಟು ಜೀರ್ಣವಾಗಿದ್ದ ಹೊರತು, ನಾಶಮಾಡಕೂಡದೆಂದು ವಿಧಿಸಿ, ಉಲ್ಲಂಘಿಸಿದವರಿಗೆ ಐದು ವರ್ಷದವರೆಗಿನ ಸಜೆಯನ್ನು ಗೊತ್ತುಮಾಡಿದೆ. 2005ರ ಮಾಹಿತಿ ಹಕ್ಕಿನ ಕಾನೂನು, ಇಪ್ಪತ್ತು ವರ್ಷಕ್ಕೆ ಹಿಂದಿನ ಘಟನೆಗಳ ಮಟ್ಟಿಗೆ ಮಾಹಿತಿ ನಿರಾಕರಣೆಯ ಹೆಚ್ಚಿನ ಕಾರಣಗಳನ್ನು ತೆಗೆದುಹಾಕುತ್ತದೆ. ಖಾಸಗಿ ಸಂಗ್ರಹಗಳನ್ನು ಇವು ಕಟ್ಟಿಹಾಕುವುದಿಲ್ಲವಾದರೂ ಒಳ್ಳೆಯ ಅಳತೆಗೋಲಾಗಬಲ್ಲವು. ಶಾಲೆಯ ದಾಖಲಾತಿ ಪುಸ್ತಕದಂತೆ ವ್ಯಕ್ತಿಗಳ ಜಾತಿ, ಜನ್ಮದಿನಗಳಿರುವ ಪುಸ್ತಕವನ್ನು ಅವರ ಜೀವಿತಕಾಲದಲ್ಲಿ ತಡೆಹಿಡಿಯುವುದು ಯುಕ್ತ. ಆದರೆ ತಡೆ ಏಕೆ, ಯಾವ ವರ್ಷದವರೆಗೆ ಎಂಬುದು ಪಟ್ಟಿಯಲ್ಲಿರಬೇಕು. ಪುಸ್ತಕವನ್ನು ಮುಚ್ಚಿಡಬಹುದು, ಅದು ಇದೆಯೆಂಬ ಸಂಗತಿಯನ್ನು ಮುಚ್ಚಿಡಬಾರದು.

ಓದುಗರು ಬಂದಾಗ ಹೆಸರು, ವಿಳಾಸ, ಉದ್ದೇಶ, ಕೊಟ್ಟ ಕಟ್ಟಿನ ಸಂಕೇತ, ಹಿಂದಿರುಗಿಸಿದ ಹೊತ್ತುಗಳನ್ನು ಒಂದು ಪುಸ್ತಕದಲ್ಲಿ ಬರೆಯಿಸಿ, ಒಂದು ಸಲಕ್ಕೆ ಒಂದೇ ಕಟ್ಟನ್ನು, ಮನೆಯವರ ಕಣ್ಣೆದುರಿನ ಮೇಜಿನ ಮೇಲೆ ಕೊಡಬೇಕು. ಮೇಜಿನ ಮೇಲೆ ಪೆನ್ನು, ಕಾಫಿ, ವೀಳ್ಯದೆಲೆಗಳು ಇರಕೂಡದು. ತೊಳೆದು ಒರೆಸಿದ ಕೈ ಸಾಕು, ಭಾವಚಿತ್ರಗಳಿಗೆ ಮಾತ್ರ ಹತ್ತಿಯ ಕೈಗವಸು ಬೇಕು. ಬಂದವರು ಪಂಡಿತರಾಗಲಿ, ಅಜ್ಜನ ಹೆಸರನ್ನು ಹುಡುಕಿಕೊಂಡು ಬಂದ ಕೂಲಿಕಾರರ ಮೊಮ್ಮಗಳಾಗಲಿ, ಮರ್ಯಾದೆಯೂ ಸಹಾಯವೂ ಒಂದೇ ಸಮನಾಗಿರಬೇಕು. ಗೇಣಿದಾರರ ಹೆಸರುಗಳು ಜಮೀನುದಾರರ ಮನೆಯ ಪುಸ್ತಕದಲ್ಲಲ್ಲದೆ ಬೇರೆಲ್ಲಿಯೂ ಉಳಿದಿರದೆ ಹೋಗಬಹುದೆಂಬುದನ್ನು ಅಂಥ ಮನೆಗಳವರು ಮರೆಯಬಾರದು. ಪತ್ರಗಳನ್ನು ಅಚ್ಚುಮಾಡಿಸಲು ಯಾರಾದರೂ ಅನುಮತಿ ಕೇಳಿದರೆ ಒಂದು ವಿಚಾರವನ್ನು ತಿಳಿಸಿ ಹೇಳಬೇಕು: ಕಾಗದವು ಅದನ್ನು ಪಡೆದವರ ಸ್ವತ್ತಾಗಿದ್ದರೂ ಅದರಲ್ಲಿನ ಬರಹದ ಹಕ್ಕು ಬರೆದವರಿಗೂ ಅವರ ವಾರಸುದಾರರಿಗೂ ಸೇರಿದ್ದು.

ಮನೆಯಲ್ಲಿಯೋ ಸಂಘದಲ್ಲಿಯೋ ನೋಡಿಕೊಳ್ಳಲು ಮುಂದೆ ಯಾರೂ ಇಲ್ಲವೆಂಬ ಸ್ಥಿತಿ ಕಂಡುಬಂದರೆ, ತಡಮಾಡದೆ ತಕ್ಕ ಸಂಸ್ಥೆಗೆ ಒಪ್ಪಿಸುವುದು ವಿವೇಕ. ತಾಳೆಗರಿಯ ಕಾವ್ಯ, ವೈದ್ಯ, ಜ್ಯೋತಿಷ ಗ್ರಂಥಗಳು ಹಸ್ತಪ್ರತಿ ಭಂಡಾರಗಳಿಗೆ ಸಲ್ಲುವಂಥವು; 2003ರಲ್ಲಿ ಆರಂಭವಾದ ರಾಷ್ಟ್ರೀಯ ಹಸ್ತಪ್ರತಿ ಅಭಿಯಾನವು ಎಪ್ಪತ್ತೈದು ವರ್ಷಕ್ಕೆ ಮೀರಿದ ಅಂಥ ಕೃತಿಗಳನ್ನು ಗಣನೆಗೆ ತೆಗೆದುಕೊಂಡು, ಕಂದಾಯದ ಲೆಕ್ಕ, ಫರ್ಮಾನುಗಳಂಥ ದಾಖಲೆಗಳನ್ನು ಬೇರೆಯ ವರ್ಗವೆಂದು ಎಣಿಸಿತು. ಎರಡನೆಯ ಬಗೆಯವುಗಳಿಗೆ ಸ್ಥಾನ ರಾಜ್ಯ ಪತ್ರಾಗಾರ. ಅದು ಖಾಸಗಿ ಸಂಗ್ರಹಗಳನ್ನೂ ಸ್ವೀಕರಿಸುತ್ತದೆ. ಒಪ್ಪಿಸುವಾಗ ಬಾಯಿಮಾತಿನಲ್ಲಿ ನಿಲ್ಲಿಸದೆ ದಾನಪತ್ರವೊಂದನ್ನು ಬರೆಯಿಸಬೇಕು: ಏನೇನನ್ನು ಕೊಟ್ಟಿದೆ, ಒಡೆತನವೂ ಹೋಯಿತೋ ಇರಿಸಿಕೊಳ್ಳಲು ಮಾತ್ರ ಕೊಟ್ಟದ್ದೋ, ಯಾವ ಭಾಗವನ್ನು ಎಷ್ಟು ಕಾಲ ತೆರೆಯಬಾರದು, ಸಂಗ್ರಹವನ್ನು ಒಡೆಯದೆ ಒಂದಾಗಿ ಇರಿಸುವುದಕ್ಕೆ ಸಂಸ್ಥೆಯು ಒಪ್ಪಿದೆಯೇ, ಮನೆಯವರಿಗೆ ಪ್ರತಿಗಳು ದೊರೆಯುವುವೇ ಎಂಬಿಷ್ಟು ಅದರಲ್ಲಿರಲಿ. ತಯಾರಿಸಿದ ಪಟ್ಟಿಯನ್ನು ಎರಡೂ ಕಡೆಯವರು ಪುಟಪುಟಕ್ಕೆ ರುಜುಮಾಡಿ, ಒಂದು ಪ್ರತಿಯನ್ನು ಪೆಟ್ಟಿಗೆಯೊಳಗೂ, ಒಂದನ್ನು ಮನೆಯಲ್ಲಿಯೂ, ಮೂರನೆಯದನ್ನು ಊರಿನ ಗ್ರಂಥಾಲಯದಲ್ಲಿಯೂ ಇಡಬೇಕು. ಹಾಗೆ ಮಾಡಿದರೆ ನಾಳೆ ಆ ಊರಿನ ಕೆರೆಯ ಚರಿತ್ರೆಯನ್ನು ಬರೆಯಹೊರಟ ಹುಡುಗನಿಗೆ, ತನಗೆ ಬೇಕಾದುದು ಯಾವ ಪಟ್ಟಣದ ಯಾವ ಕಪಾಟಿನಲ್ಲಿದೆಯೆಂಬುದು ತನ್ನ ಊರಿನಲ್ಲಿಯೇ ತಿಳಿಯುತ್ತದೆ.